ಅಗ್ನಿಶಾಮಕನ ಮನೆಯ ಐದು ಮೇಣದಬತ್ತಿ

"ನನ್ ಮನೇಲಿ ಮೇಣದಬತ್ತಿ ಉರಿಯೋಕೂ ನನ್ ಪರ್ಮಿಶನ್ ಬೇಕು ಕಣೇ!" ಎಂದು ಬುದ್ಧ ಪೂರ್ಣಿಮೆಯ ಸಂಜೆ ಭೀಮರಾಜು ಹೆಂಡತಿ ರಾಧಾಮಣಿಯ ಮುಂದೆ ಘೋಷಿಸಿದ. ಘೋಷಿಸದೆ ಇನ್ನೇನು? ಅಗ್ನಿಶಾಮಕ ದಳದಲ್ಲಿ ಹದಿನಾಲ್ಕು ವರ್ಷದ ಸರ್ವಿಸು. ಬಡವನಹಳ್ಳಿ ಸುತ್ತಮುತ್ತ ಶಾಲೆ ಶಾಲೆಗೂ ಹೋಗಿ ಬೆಂಕಿಯ ಮೇಲೆ ಭಾಷಣ ಬಿಗಿದ ಮಹಾನುಭಾವ!

ಅಂದು ಪುರವರದಿಂದ ಮಾವ ಚೌಡಯ್ಯ ಬರುವವರಿದ್ದರು. "ಬೆಂಕಿ ಜೊತೆ ಸರಸ ಆಡೋನಿಗೆ ಹೆಣ್ಣು ಕೊಡಾಕಿಲ್ಲ" ಎಂದು ಮದುವೆಗೆ ಮೊದಲೇ ಮೂಗು ಮುರಿದವರು. ಮಗಳು ಹಟ ಹಿಡಿದಳೆಂದು ಒಪ್ಪಿದ್ದರೇ ಹೊರತು ಅಳಿಯನ ಮೇಲೆ ಎಳ್ಳಷ್ಟೂ ನಂಬಿಕೆಯಿಲ್ಲ. ಇವತ್ತಾದರೂ ಆ ಬಾಯಿಂದ ಒಂದು ಒಳ್ಳೆ ಮಾತು ಉದುರಿಸಲೇಬೇಕೆಂದು ಭೀಮರಾಜು ಪಣ ತೊಟ್ಟಿದ್ದ.

ಬುದ್ಧನ ಪಟದ ಮುಂದೆ ಮೇಜು ಎಳೆಯುತ್ತಿದ್ದ ರಾಧಾಮಣಿಯನ್ನು ತಡೆದ. "ಮೇಜಿನ ಮೇಲಿಟ್ರೆ ಬೀಳ್ತದೆ. ನೆಲದ ಮೇಲಿರೋದು ಇನ್ನೆಲ್ಲಿಗೆ ಬೀಳ್ತದೆ?"

"ಅಲ್ಲಾ ರೀ, ಅಲ್ಲಿ..."

"ಬೆಂಕಿ ವಿಷ್ಯ ನಂಗ್ಬುಡು!"

ಪರದೆ ಬಿಚ್ಚಿದ. ಫ್ಯಾನ್ ನಿಲ್ಲಿಸಿದ. ಐದು ಪುಟ್ಟ ಬತ್ತಿಗಳನ್ನು ಸ್ಟೀಲ್ ತಟ್ಟೆಗಳಲ್ಲಿ ನಿಲ್ಲಿಸಿ ನೆಲದ ಮೇಲೆ ಸಾಲಾಗಿಟ್ಟ. ಬಾಗಿಲ ಬಳಿ ಒಂದು ಬಕೆಟ್ ನೀರು ಬೇರೆ!

ಮಾವ ಬಂದರು. ವಂದನೆ ಶುರುವಾಯಿತು. ಬುದ್ಧನಿಗೆ ವಂದನೆಯೆಂದರೆ ಮಂಡಿಯೂರಿ, ಹಣೆ ನೆಲಕ್ಕೆ ಮುಟ್ಟಿಸಿ, ಮೂರು ಸಲ. ಚಿಕ್ಕಂದಿನಿಂದ ಮಾಡಿಕೊಂಡು ಬಂದ ಭೀಮರಾಜುವಿಗೆ ಅದೊಂದು ಮಾತ್ರ ಮರೆತೇಹೋಗಿತ್ತು! ಮೊದಲೆರಡು ಸಲ ಹೇಗೋ ದಾಟಿತು. ಮೂರನೆಯದಕ್ಕೆ ಚೌಡಯ್ಯನವರ ಹೆಗಲ ಟವೆಲ್ ಮುಂದಕ್ಕೆ ಜಾರಿತು, ನೇರ ಬತ್ತಿಯ ಮೇಲೆ. ಭಗ್!

"ಅಯ್ಯಯ್ಯೋ, ಅಪ್ಪಾ! ಟವಲ್ಲು!" ರಾಧಾಮಣಿ ಕಿರುಚಿದಳು.

ಭೀಮರಾಜು ಬಾಗಿಲತ್ತ ನೆಗೆದ. ಓಡಿಹೋಗಿ ಬಕೆಟ್ ಎತ್ತಿದರೆ ಖಾಲಿ!

"ನೀರೆಲ್ಲೇ?"

"ಅಪ್ಪನ ಕಾಲಿಗೆ ಹುಯ್ದೆ ಕಣ್ರೀ! ಬಂದೋರು ಕಾಲು ತೊಳೀಬ್ಯಾಡ್ವಾ?"

ಆಗ ಕೈಗೆ ಸಿಕ್ಕಿದ್ದು ಆರಲಿಟ್ಟಿದ್ದ ಪಾತ್ರೆ ತುಂಬ ಶಾವಿಗೆ ಪಾಯಸ. ತಣ್ಣಗಾಗಿತ್ತು, ಪುಣ್ಯ! ಕಣ್ಣು ಮುಚ್ಚಿ ರೊಯ್ಯನೆ ಎರಚಿಬಿಟ್ಟ.

ಆಮೇಲೆ ಕಣ್ಣು ಬಿಟ್ಟು ನೋಡಿದ. ಮಾವ ಆಗಲೇ ಟವೆಲ್ ಕಿತ್ತೆಸೆದು, ತಾವು ಕೂತಿದ್ದ ಜಮಖಾನವನ್ನೇ ಅದರ ಮೇಲೆ ಮುಚ್ಚಿ ಬೆಂಕಿ ಆರಿಸಿಯಾಗಿತ್ತು. ಈಗ ಅಡಿಯಿಂದ ಮುಡಿಯವರೆಗೆ ಪಾಯಸವಾಗಿ ನಿಂತಿದ್ದರು. ಹುಬ್ಬಿಗೊಂದು ದ್ರಾಕ್ಷಿ ಅಂಟಿತ್ತು.

"ತ... ತಪ್ಪಾಯ್ತು ಮಾವ!"

ಚೌಡಯ್ಯ ಮೀಸೆಯಿಂದ ಇಳಿಬಿದ್ದ ಶಾವಿಗೆ ಎಳೆಯನ್ನು ನಿಧಾನವಾಗಿ ತೆಗೆದರು.

"ಬೆಂಕಿ ಆರಿ ಆಗ್ಲೇ ಎಷ್ಟೊತ್ತಾಯ್ತು. ನಿಮ್ ಗಾಡಿ ಯಾವಾಗ್ಲೂ ಇಷ್ಟು ತಡವಾಗೇ ಬರ್ತೈತಾ, ಅಳಿಮಯ್ಯ?"