ಮದ್ದೂರಿನ ಮಹಡಿ ಮೇಲೆ ಚಿರತೆ

ವನ್ಯಜೀವಿ ಚಿತ್ರಗಳ ಎಡಿಟರ್ ಆದವಳು ಕಾಡಿಗೆ ಹೋಗುವುದು ಅಪರೂಪ. ಕಾಡೇ ಮನೆಗೆ ಬರುತ್ತದೆ, ಅದನ್ನು ನೋಡಲು ಮನೆಯವರೆಲ್ಲ ಬರುತ್ತಾರೆ, ಅಲ್ಲಿಗೆ ಏನಾದರೊಂದು ನಡೆದೇ ನಡೆಯುತ್ತದೆ. ಮದ್ದೂರಿನ ನಮ್ಮ ಮಹಡಿ ಕೋಣೆಯಲ್ಲಿ ನಾನೊಬ್ಬಳೇ ಕೂತು ಜೋಡಿಸಿದ ಮೊದಲ ಚಿತ್ರ ಒಂದು ಚಿರತೆಯದು. ನಿರ್ದೇಶಕರು ಮೊದಲೇ ಹೇಳಿಬಿಟ್ಟಿದ್ದರು: "ಸರಿ ಬಂದ್ರೆ ತೆರೆ ಮೇಲೆ ನಿಮ್ಮ ಹೆಸರು. ಬರದಿದ್ರೆ ಬೇರೆ ಎಡಿಟರ್‌ಗೆ ಕೊಡ್ತೀನಿ." ಹಾಗಾಗದಂತೆ ಕಾಪಾಡಿದವರನ್ನು ನೆನೆದರೆ ಈಗಲೂ ನಗು ಬರುತ್ತದೆ.

ಅವ್ವನ ಜಿಂಕೆ

ಚಿರತೆ ಜಿಂಕೆಯನ್ನು ಅಟ್ಟಿಸಿಕೊಂಡು ಹೋಗುವ ದೃಶ್ಯ ಜೋಡಿಸುತ್ತಿದ್ದೆ. ಕಾಫಿ ತಂದ ಅವ್ವ ಲೋಟ ಹಿಡಿದುಕೊಂಡೇ ನಿಂತಳು.

"ತಪ್ಪಿಸ್ಕತದಾ ಮಗ?"

"ಇಲ್ಲವ್ವ. ಇದು ಹೋದ ವರ್ಷ ನಡೆದಿದ್ದು."

"ಆದ್ರೇನು? ಎಲ್ಲಾ ನಿನ್ ಕೈಲೇ ಐತಲ್ಲ, ಬುಡಿಸ್ಬುಡು."

ಆಗಲ್ಲ ಎಂದೆ. ಅವ್ವ ಕಾಫಿ ವಾಪಸ್ ತೆಗೆದುಕೊಂಡು ಹೋದಳು, ಎರಡು ದಿನ ಮುಖ ಕೊಟ್ಟು ಮಾತಾಡಲಿಲ್ಲ. ಸೋತು, ಜಿಂಕೆ ಪೊದೆಗೆ ನುಗ್ಗಿ ಪೊದೆ ಅಲ್ಲಾಡುವಲ್ಲಿಗೆ ದೃಶ್ಯ ನಿಲ್ಲಿಸಿದೆ. ನಿರ್ದೇಶಕರು ನೋಡಿ, "ಸಂಯಮ ಅಂದ್ರೆ ಇದು" ಎಂದರು. ಕಾಫಿಗೋಸ್ಕರ ಮಾಡಿದ್ದೆಂದು ನಾನು ಹೇಳಲಿಲ್ಲ.

ದೊಡ್ಡಪ್ಪನ ಕಣ್ಣು

ಒಂದು ಕಡೆ ಚಿತ್ರೀಕರಿಸಿದ್ದು ಸಾಲದೆ, ಬೇರೊಂದು ಚಿರತೆಯ ತುಣುಕು ಸೇರಿಸಿದ್ದೆ. ನಿರ್ದೇಶಕರಿಗೂ ಗೊತ್ತಾಗಿರಲಿಲ್ಲ. ಬಂಡೂರಿನಲ್ಲಿ ಕುರಿ ಸಾಕುವ ದೊಡ್ಡಪ್ಪ ಬಂದು ನೋಡಿದರು.

"ನೀರು ಕುಡಿದಿದ್ದೊಂದು, ಬಂಡೆ ಮ್ಯಾಲೆ ಕುಂತಿರದು ಇನ್ನೊಂದು."

"ಅದೆಂಗೆ ಗೊತ್ತಾಯ್ತು?"

"ನೂರು ಕುರೀಲಿ ಮೂತಿ ನೋಡಿ ನಂದ್ಯಾವ್ದು ಅಂತ ಯೋಳ್ತೀನಿ. ಎರಡು ಚಿರತೆ ಗೊತ್ತಾಗಕಿಲ್ವಾ?"

ನಾಚಿಕೆಯಾಗಿ ಆ ಬಂಡೆಯ ತುಣುಕು ತೆಗೆದೆ. ಆಮೇಲೆ ಚಿತ್ರ ನೋಡಿದ ತಜ್ಞರು ಮೊದಲು ಪರೀಕ್ಷಿಸಿದ್ದೇ ಒಂದೊಂದು ಚಿರತೆಗೂ ಬೇರೆಬೇರೆಯಾಗಿರುವ ಮೈಮೇಲಿನ ಚುಕ್ಕೆಗಳನ್ನು. ದೊಡ್ಡಪ್ಪ ನನ್ನ ಮಾನ ಉಳಿಸಿದ್ದರು. ಹಾಗೆಂದು ಫೋನ್ ಮಾಡಿ ಹೇಳಿದರೆ, "ನಿನ್ ಮಾನಕ್ಕಲ್ಲ ಕಣವ್ವ. ಬಂಡೆ ಮ್ಯಾಲೆ ಕುಂತಿತ್ತಲ್ಲ, ಅದೇ ನಮ್ ಕೊಟ್ಟಿಗೇಗೆ ನುಗ್ಗಿದ್ದು. ಆ ಕಳ್ಳಂಗೆ ಎಸ್ರು ಬರಕೂಡ್ದು" ಎಂದರು.

ಮೂಳೆ ಕಡಿಯುವ ಸದ್ದು

ಕ್ಯಾಮೆರಾ ಎಷ್ಟೋ ದೂರದಿಂದ ಚಿರತೆಯನ್ನು ಹಿಡಿಯುತ್ತದೆ, ಸದ್ದು ಅಷ್ಟು ದೂರ ಬರುವುದಿಲ್ಲ. ಅದನ್ನು ನಾವೇ ಮಾಡಿ ಸೇರಿಸಬೇಕು. ಚಿರತೆ ಮೂಳೆ ಕಡಿಯುವ ಜಾಗದಲ್ಲಿ ನಾನು ಸಿಕ್ಕಿಹಾಕಿಕೊಂಡೆ. ಕ್ಯಾರೆಟ್ ಮುರಿದೆ, ಒಣಕೊಬ್ಬರಿ ಕಚ್ಚಿದೆ. ಚಿರತೆ ಕುರುಕಲು ತಿಂಡಿ ತಿಂದ ಹಾಗಾಯಿತು. "ಹಲಗೂರಲ್ಲಿ ಊರವರಿಗೆ ಚಿತ್ರ ತೋರಿಸೋದ್ರೊಳಗೆ ಸದ್ದು ಸರಿಯಾಗ್ಬೇಕು, ಇಲ್ಲಾಂದ್ರೆ ಬೇರೆಯವರಿಗೆ" ಎಂದರು ನಿರ್ದೇಶಕರು.

ಆ ಭಾನುವಾರ ಬಂಡೂರಿನಲ್ಲಿ ಬಾಡೂಟ. ದೊಡ್ಡಪ್ಪ ಮುದ್ದೆಯನ್ನು ಸದ್ದಿಲ್ಲದೆ ನುಂಗಿ ಮೂಳೆಗೆ ಕೈ ಹಾಕಿದರು. ಆ ಸದ್ದು ಕೇಳಿ ನಾನು ಊಟ ಬಿಟ್ಟು ಎದ್ದೆ, ಚೀಲದಲ್ಲಿದ್ದ ಮೈಕು ತಂದು ಅವರ ದವಡೆಗೆ ಹಿಡಿದೆ. ಯಾಕೆಂದೂ ಕೇಳದೆ ಅವರು ಇನ್ನೊಂದು ಸಲ ಬಡಿಸಿಕೊಂಡರು.

ಹಲಗೂರಿಗೆ ನಮ್ಮ ಮನೆಯವರೂ ಬಂದಿದ್ದರು. ದೀಪ ಆರಿಸಿ ಚಿತ್ರ ಹಾಕಿದರು. ಮೂಳೆ ಕಟಕಟ ಎಂದಾಗ ಹೆಂಗಸರು ಮಕ್ಕಳನ್ನು ಮಡಿಲಿಗೆ ಎಳೆದುಕೊಂಡರು. ನಿರ್ದೇಶಕರು ನನ್ನ ಕಡೆ ತಿರುಗಿ, "ಹೆಸರು ನಿಮ್ಮದೇ" ಎಂದರು. ನನಗೆ ಕಣ್ಣು ತುಂಬಿ ಬಂತು. ಇಂಥ ಮನೆಯವರ ನಡುವೆ ಹುಟ್ಟಿದ್ದೇ ನನ್ನ ಪುಣ್ಯ ಎನಿಸಿತು.

ಅಷ್ಟರಲ್ಲಿ ಮುಂದಿನ ಸಾಲಿನಿಂದ ದೊಡ್ಡಮ್ಮನ ದನಿ ಕೇಳಿಸಿತು:

"ಎದರ್ಕಬ್ಯಾಡಿ ಕಣ್ರಮ್ಮ, ಅದು ಚಿರತೆ ಅಲ್ಲ. ನಮ್ ಯಜಮಾನ್ರು ಉಣ್ತಾವ್ರೆ."