ನನ್ನ ಮುಳ್ಳುಬೇಲಿಯ ಪ್ರತಾಪ

ಪಾಲಣ್ಣ ನನಗೆ ಹೇಳದೆ ಸತ್ತುಹೋದ. ಬಾಲ್ಯದ ಗೆಳೆಯ, ನನಗೆ ಹೇಳದೆ ಚಳ್ಳಕೆರೆ ಸಂತೆಗೂ ಹೋದವನಲ್ಲ. ಬೆಳಿಗ್ಗೆ ನಮ್ಮ ಕಟ್ಟೆಯ ಮೇಲೆ ಕೂತು, ಚಹಾಕ್ಕೆ ಸಕ್ಕರೆ ಕಮ್ಮಿ ಎಂದು ಗೊಣಗಿ, ನನ್ನ ಹೆಂಡತಿ ಪುಷ್ಪಲತಾಳಿಂದ ಬೈಸಿಕೊಂಡು ಹೋದವನು, ಮಧ್ಯಾಹ್ನ ಎದೆ ಹಿಡಿದುಕೊಂಡು ಮಲಗಿದವನು ಏಳಲೇ ಇಲ್ಲ. ಮಣ್ಣು ಹಾಕಿ ಬಂದ ಮೇಲೂ ನನಗೆ ನಂಬಿಕೆ ಬಂದಿಲ್ಲ. ಅದೂ ನನ್ನ ಕೇಸು ಮುಗಿಯುವ ಹೊತ್ತಿಗೆ!

ಕೇಸು ಇಷ್ಟೇ. ಕಾವಲಿನ ಅಂಚಿಗೆ ನನ್ನದೊಂದು ಶೇಂಗಾ ಹೊಲವಿದೆ. ಸರ್ಕಾರದ ಪ್ರಕಾರ ಅದು ಹೊಲವೇ ಅಲ್ಲ, ಕಾವಲು, ಅಂದರೆ ದನ ಮೇಯಲು ಕಾಯ್ದಿಟ್ಟ ಹುಲ್ಲುಗಾವಲು. ನನ್ನ ಪ್ರಕಾರ ಅಜ್ಜನ ಕಾಲದಿಂದ ಉತ್ತು ಬಿತ್ತಿದ ಜಮೀನು. ಕೋರ್ಟು ಅದನ್ನು ಕಾವಲು ಎಂದರೆ ಹೊಲ ಕೈಬಿಟ್ಟಂತೆ.

ಕಾನೂನು ಪುಸ್ತಕಗಳನ್ನೆಲ್ಲ ಓದಿ ನಾನೊಂದು ಬ್ರಹ್ಮಾಸ್ತ್ರ ಹುಡುಕಿದ್ದೆ. ಕಾವಲಾಗಿದ್ದರೆ ದನ ಮೇಯಬೇಕಲ್ಲವೇ? ನನ್ನ ಹೊಲಕ್ಕೆ ಇವತ್ತಿನವರೆಗೆ ಒಂದು ದನವೂ ಕಾಲಿಟ್ಟಿಲ್ಲ. ಕಾರಣ, ನನ್ನ ಬೇಲಿ! ಜಾಲಿಮುಳ್ಳು ಕಡಿದು ಸ್ವಹಸ್ತದಿಂದ ಕಟ್ಟಿದ್ದು. (ದುರ್ಗದ ಕೋಟೆಗೆ ಏಳು ಸುತ್ತು, ನನ್ನದಕ್ಕೆ ಒಂದೇ. ಆದರೆ ಭೇದಿಸಿದವರಿಲ್ಲ.)

"ಬೇಲಿಯಂತೆ ಬೇಲಿ! ನಮ್ಮ ಕೋಳಿ ಮರಿ ಕಟ್ಟಿಕೊಂಡು ಮೆರವಣಿಗೆ ಹೋಗ್ತೈತೆ ಅದರೊಳಗೆ" ಎನ್ನುತ್ತಿದ್ದಳು ಪುಷ್ಪಲತಾ.

"ಕೋಳಿ ದನ ಅಲ್ಲ ಕಣೇ!"

ಪಾಲಣ್ಣ ಮಾತ್ರ, "ನಿನ್ನ ಬೇಲಿ ಭಾಳ ಗಟ್ಟಿ ಐತೆ ಬಿಡ್ಲೇ ಚಿಕ್ಕೀರ" ಎಂದು ಮೀಸೆಯಡಿ ನಗುತ್ತಿದ್ದ. ಮೆಚ್ಚುಗೆ ಎಂದುಕೊಂಡಿದ್ದೆ.

ಅವನು ದೇವರ ಎತ್ತುಗಳ ಕಿಲಾರಿ, ಅಂದರೆ ಅವನ್ನು ಕಾಯುವವನು. ನಮ್ಮ ಕಡೆ ದೇವರಿಗೆ ಬಿಟ್ಟ ಎತ್ತಿಗೆ ನೊಗ ಹೂಡುವುದಿಲ್ಲ, ಕೋಲೆತ್ತುವುದಿಲ್ಲ. ಹೊಲಕ್ಕೆ ನುಗ್ಗಿದರೂ ಓಡಿಸುವುದಿಲ್ಲ. ಚಪ್ಪಲಿ ಬಿಟ್ಟು ಕೈಮುಗಿಯುತ್ತೇವೆ.

ಸ್ಥಳ ನೋಡಿ ವರದಿ ಕೊಡಲು ಕೋರ್ಟು ಕಳಿಸಿದ ಕಮಿಷನರ್ ಮೇಡಂ ಬಂದರು. ಜೊತೆಗೆ ನನ್ನ ವಕೀಲ ಸಿದ್ದಲಿಂಗೇಶ್, ಹಿಂದೆ ಪುಷ್ಪಲತಾ. ನಾನು ಬೇಲಿಯ ಮುಂದೆ ಪಾಳೇಗಾರನಂತೆ ನಿಂತು, "ನೋಡಿ ಮೇಡಂ, ಒಂದು ಗೊರಸಿನ ಗುರುತು ತೋರಿಸಿ!" ಎಂದೆ.

ಗಂಟೆ ಕೇಳಿಸಿತು.

ದೇವರ ಮಂದೆಯ ಮುಂದಿನ ಎತ್ತು ನನ್ನ ಕೋಟೆಯನ್ನು ಹಪ್ಪಳದಂತೆ ಮುರಿದು ಒಳಗೆ ಬಂತು. ಹಿಂದೆ ಇಡೀ ಮಂದೆ. ಕೊನೆಯಲ್ಲಿ, ಪಾಲಣ್ಣನ ಕೈಕೆಳಗಿದ್ದ ಹೊಸ ಕಿಲಾರಿ ಓಬಳೇಶ್, ಏದುಸಿರು ಬಿಡುತ್ತ.

"ಓಡಿಸ್ರೀ! ಹೊಲ ನಿಮ್ಮದಾದ್ರೆ ಓಡಿಸ್ರೀ!" ವಕೀಲ ಹಲ್ಲು ಕಡಿದ.

ಕೋಲು ಎತ್ತಿಕೊಂಡೆ. ಎತ್ತು ನನ್ನನ್ನು ನೋಡಿತು. ಕೋಲು ಬಿತ್ತು, ಕಾಲಿನ ಚಪ್ಪಲಿ ತಾನೇ ಕಳಚಿತು, ಕೈ ತಾನೇ ಮುಗಿಯಿತು. ಪುಷ್ಪಲತಾ ಆಗಲೇ ಸೆರಗೊಡ್ಡಿ ಅಡ್ಡಬಿದ್ದಿದ್ದಳು: "ಬಂದ್ಯೇನಪ್ಪಾ? ತಿನ್ನು, ಹೊಟ್ಟೆ ತುಂಬಾ ತಿನ್ನು."

"ಏನಮ್ಮಾ, ಇವು ಇಲ್ಲಿ ಮೇಯಬಹುದಾ?" ಮೇಡಂ ಕೇಳಿದರು.

"ಬ್ಯಾಡ ಅನ್ನಾಕೆ ನಾವ್ಯಾರು ತಾಯಿ? ಭೂಮಿ ಅವುಗಳದೇ!"

ಸಿದ್ದಲಿಂಗೇಶ್ ಬದುವಿನ ಮೇಲೆ ಕುಸಿದು ಕೂತ.

"ಹಾಗಾದರೆ ಇಷ್ಟು ವರ್ಷ ಯಾಕೆ ಬಂದಿಲ್ಲ?" ಮೇಡಂ ಬಿಡಲಿಲ್ಲ.

ಬಾಯಿ ತೆರೆದವನು ಓಬಳೇಶ್. "ಪಾಲಣ್ಣ ಬಿಡ್ತಿರಲಿಲ್ಲ ಮೇಡಂ. ದಿನಾ ಇಲ್ಲೇ ಕಂಬಳಿ ಹಾಸಿಕೊಂಡು ಬೇಲಿಗೆ ಅಡ್ಡ ಕೂರ್ತಿದ್ದ. ಅವನನ್ನು ದಾಟಿ ಇವು ಬರ್ತಿರಲಿಲ್ಲ. 'ಬೇಲಿ ಊದಿದ್ರೆ ಬೀಳ್ತೈತೆ ಕಣ್ಲಾ, ಚಿಕ್ಕೀರನಿಗೆ ಹೇಳಬ್ಯಾಡ, ಪಾಪ, ಕಷ್ಟಪಟ್ಟು ಕಟ್ಯಾನೆ' ಅಂತಿದ್ದ."

ಕಣ್ಣೆದುರು ಶೇಂಗಾ ಗಿಡ ಬೇರುಸಹಿತ ಹೋಗುತ್ತಿತ್ತು. ನನಗೆ ಕಂಡದ್ದು ಆ ಮುಂದಿನ ಎತ್ತು ಮಾತ್ರ. ಅದು ಮೇಯುವುದನ್ನು ಬಿಟ್ಟು, ಪಾಲಣ್ಣ ಕಂಬಳಿ ಹಾಸುತ್ತಿದ್ದ ಜಾಗವನ್ನು ಮೂಸುತ್ತಿತ್ತು. ಅವನ ಮಣ್ಣಿನ ದಿನ ಬಾರದ ಅಳು ಅಲ್ಲಿ ಬಂತು. ಬಿಕ್ಕಿ ಬಿಕ್ಕಿ ಅತ್ತೆ. ಮೇಡಂ ಅದನ್ನು ಎತ್ತಿನ ಮೇಲಿನ ಭಕ್ತಿ ಎಂದು ತಿಳಿದು, ಅದನ್ನೂ ಬರೆದುಕೊಂಡರು.

ತೀರ್ಪು ಬಂತು: ಸದರಿ ಜಮೀನು ಹುಲ್ಲುಗಾವಲು. ಸದರಿ ಬೇಲಿಯನ್ನು ಅರ್ಜಿದಾರನೇ ಸ್ವಂತ ಖರ್ಚಿನಲ್ಲಿ ತೆಗೆಯತಕ್ಕದ್ದು.

ಕುಡುಗೋಲು ಹಿಡಿದು ಹೊರಟೆ. ಪುಷ್ಪಲತಾ ಒಳಗಿನಿಂದ ಚಹಾ ತಂದು ಕಟ್ಟೆಯ ಮೇಲಿಟ್ಟಳು. ಬಾಯಿಗಿಟ್ಟರೆ ಪಾನಕದಷ್ಟು ಸಿಹಿ.

"ಎಲ್ಲಿಗೆ?"

"ಬೇಲಿ ತೆಗೆಯೋಕೆ."

"ಸುಮ್ನೆ ಕೂತ್ಕೊಳ್ರಿ" ಎಂದಳು. "ಅದನ್ನ ಆವತ್ತೇ ಮಣ್ಣು ಮಾಡಿ ಬಂದ್ವಲ್ಲ."