ಕುಲಾವಿ ತೊಟ್ಟ ಅಳಿಯ

ಬೋರ್‌ವೆಲ್ ಕೊರೆದರೂ ಧೂಳೇ ಏಳುವ ಊರಿನವನು ನೀರಿನಲ್ಲಿ ಆಡಿ ಸಂಬಳ ತೆಗೆದುಕೊಂಡರೆ ಇಂಥವೆಲ್ಲ ಆಗಿಯೇ ತೀರುತ್ತವೆ. ನಾನು ಕ್ಯಾಲನೂರಿನ ಪಕ್ಕದವನು. ಹಿಂದೆ ನೀರಿದ್ದಾಗ ತೋಟದ ಬಾವಿಯಲ್ಲಿ ಕಲಿತ ಈಜು ನನ್ನನ್ನು ಬೆಂಗಳೂರಿನ ಒಂದು ಇಲಾಖೆಯ ವಾಟರ್ ಪೋಲೋ ತಂಡಕ್ಕೆ ಸೇರಿಸಿತು. ಈಜುಕೊಳದಲ್ಲಿ ಕಾಲನ್ನು ನೆಲಕ್ಕೆ ತಾಕಿಸದೆ, ಒಂದೇ ಕೈಯಲ್ಲಿ ಚೆಂಡೆಸೆದು ಗೋಲು ಹೊಡೆಯುವ ಆಟ. ಆಡುವುದೇನೂ ಕಷ್ಟವಿರಲಿಲ್ಲ. ಇದೂ ಒಂದು ಕೆಲಸವೆಂದು ಹೆಣ್ಣು ಕೊಡುವವರನ್ನು ಒಪ್ಪಿಸುವುದು ಕಷ್ಟವಾಗಿತ್ತು. ಬಂದ ಸಂಬಂಧಗಳೆಲ್ಲ ತಪ್ಪಿಹೋಗಿ, ಕೊನೆಗೆ ಶ್ರೀನಿವಾಸಪುರದಿಂದ ಒಂದು ಬಂದಿತ್ತು. ಫೋಟೋ ನೋಡಿದ ಮೇಲೆ, ಇದೊಂದು ತಪ್ಪದಿರಲಿ ಎಂದು ಯಾರಿಗೂ ಹೇಳದೆ ಆಂಜನೇಯನಿಗೆ ಮಾತ್ರ ಹೇಳಿದ್ದೆ.

ಡೈರಿ ಮುಂದೆ

ನಮ್ಮ ಕಡೆ ಗಂಡಿನ ವಿಷಯ ಗುಟ್ಟಾಗಿ ವಿಚಾರಿಸಬೇಕಾದವರು ಬೆಳಗ್ಗೆ ಹಾಲಿನ ಡೈರಿಗೆ ಬರುತ್ತಾರೆ. ಹಾಲು ಹಾಕಲು ಇಡೀ ಊರು ಅಲ್ಲಿ ನಿಂತಿರುವುದರಿಂದ ಗುಟ್ಟು ಅಲ್ಲಿಗೇ ಮುಗಿಯುತ್ತದೆ. ಹುಡುಗಿಯ ಸೋದರಮಾವ ಬಂದು, ಕ್ಯಾನು ಹಿಡಿದು ನಿಂತಿದ್ದ ಒಬ್ಬ ಹಿರಿಯರನ್ನು ಕೇಳಿದರಂತೆ:

"ಹುಡುಗ ಹೆಂಗೆ?"

"ಚಿನ್ನದಂಥೋನು ಕಣಪ್ಪ. ಬೀಡಿ ಇಲ್ಲ, ಎಣ್ಣೆ ಇಲ್ಲ, ಮಾತೂ ಇಲ್ಲ."

"ಆಫೀಸಲ್ಲಿ ಏನು ಕೆಲಸ?"

ಹಿರಿಯರು ಸುಳ್ಳು ಹೇಳುವವರಲ್ಲ. "ಇಸ್ತ್ರಿ ಬಟ್ಟೆ ಹಾಕ್ಕೊಂಡು ಹೋಗ್ತಾನೆ. ಅಲ್ಲಿ ಬಿಚ್ಚಿಟ್ಟು ನೀರಿಗಿಳೀತಾನೆ. ಸಂಜೆ ಎದ್ದು ಬರ್ತಾನೆ. ನೀರು ತುಂಬಿದ ಕುಂಟೆ ಸಿಕ್ಕಿದ್ರೆ ನಮ್ಮ ಎಮ್ಮೆನೂ ಅದೇ ಮಾಡೋದು. ಅದಕ್ಕೆ ಪಿಂಚಣಿ ಇಲ್ಲ, ಅಷ್ಟೇ."

ಹಗ್ಗದ ಮೇಲೆ

ಅದೇ ಸೋದರಮಾವ ಡೈರಿಯಿಂದ ನೇರವಾಗಿ ನಮ್ಮ ಮನೆಗೆ ಬಂದರು. ಅಂಗಳದ ಹಗ್ಗದ ಮೇಲೆ ನನ್ನ ಆಟದ ಟೋಪಿಗಳು ಒಣಗುತ್ತಿದ್ದವು, ಒಂದು ಬಿಳಿ, ಒಂದು ನೀಲಿ. ಕಿವಿ ಮುಚ್ಚುವ, ಗದ್ದದ ಕೆಳಗೆ ದಾರ ಕಟ್ಟುವ ಟೋಪಿಗಳು. ಅವರು ಚಪ್ಪಲಿ ಬಿಡದೆ ಅಲ್ಲೇ ನಿಂತರು.

"ಏನಮ್ಮಾ, ಹುಡುಗನಿಗೆ ಮದುವೆ ಆಗಿಲ್ಲ ಅಂದ್ರು. ಕುಲಾವಿ ಒಣಗ್ತಿವೆ? ಅದೂ ಎರಡು? ಅವಳಿ ಮಕ್ಕಳಾ?"

ನಮ್ಮಮ್ಮ ವಾದಕ್ಕೆ ನಿಲ್ಲುವವಳಲ್ಲ. ನನ್ನನ್ನು ಕರೆದು ಕೂರಿಸಿ, ನೀಲಿ ಟೋಪಿ ತೊಡಿಸಿ, ಗದ್ದದ ಕೆಳಗೆ ಗಂಟು ಹಾಕಿ ಅವರ ಮುಂದೆ ತಿರುಗಿಸಿದಳು. ಅವರು ಸುತ್ತ ಬಂದು ನೋಡಿದರು.

"ಸರಿಯಾಗಿದೆ" ಎಂದರು. "ಒಂದು ದೃಷ್ಟಿಬೊಟ್ಟು ಇಟ್ಟುಬಿಡಮ್ಮ."

ಕೇಸರಿಬಾತಿನ ಮುಂದೆ

ಹೆಣ್ಣು ನೋಡಲು ಹೋದಾಗ ಹುಡುಗಿಯ ತಂದೆ ಮೂಲೆಯಲ್ಲಿ ಕೂತು ಎಲೆಅಡಿಕೆ ಮಡಿಸುತ್ತಿದ್ದರು. ಮಾತೆಲ್ಲ ಅವರ ಹೆಂಡತಿಯದು.

"ದಿನಾ ನೀರಲ್ಲೇ ಇರ್ತೀರಾ?"

"ಹೌದು, ಬೆಳಗ್ಗೆ, ಸಂಜೆ."

"ಮನೆಗೆ ಬಂದು ಮತ್ತೆ ಸ್ನಾನ ಮಾಡ್ತೀರಾ?"

"ಮಾಡ್ತೀನಿ."

ಆಕೆಯ ಮುಖ ಬಾಡಿತು. "ನಮ್ಮದು ಟ್ಯಾಂಕರ್ ನೀರಪ್ಪ. ಹಬ್ಬಕ್ಕೆ ಬಂದ್ರೆ ಎಷ್ಟು ದಿನ ಇರ್ತೀರಿ?"

ಒಳಗಿನಿಂದ ಹುಡುಗಿ ನಕ್ಕದ್ದು ಕೇಳಿಸಿತು. ನನಗೆ ಧೈರ್ಯ ಬಂತು. ಅವಳ ತಂದೆ ಎಲೆ ಬಾಯಿಗಿಡುವ ಮುಂಚೆ ಒಂದೇ ಮಾತು ಹೇಳಿದರು: "ಆಟ ನೋಡಿ ಹೇಳ್ತೀನಿ."

ಕೊಳದ ದಂಡೆಯಲ್ಲಿ

ಹುಡುಗಿಯ ತಂದೆ ಹೆಂಡತಿ, ಮಗಳ ಸಮೇತ ಪಂದ್ಯಕ್ಕೆ ಬಂದರು. ನಮ್ಮ ಆಟದಲ್ಲಿ ಚೆಂಡು ಹಿಡಿದವನನ್ನು ಎದುರಾಳಿ ನೀರಿನಲ್ಲಿ ಅದುಮಬಹುದು. ಅದು ನಿಯಮವೇ. ಇದನ್ನು ಮೊದಲೇ ಹೇಳಬೇಕೆಂದು ನನಗೆ ಹೊಳೆದಿರಲಿಲ್ಲ.

ನಾನು ಚೆಂಡು ಹಿಡಿದೆ. ಎದುರಾಳಿಯೊಬ್ಬ ನನ್ನನ್ನು ಮುಳುಗಿಸಿದ. ದಂಡೆಯಿಂದ ಹುಡುಗಿಯ ತಾಯಿ ಗಂಡನನ್ನು ಕೂಗಿದರು: "ಏಮಂಡೀ! ಹುಡುಗನ್ನ ಸಾಯಿಸ್ತಾವ್ರೆ! ಏನ್ ನೋಡ್ತಾ ಕೂತಿದ್ದೀರಿ?"

ಮಾವಿನ ತೋಟದ ಬಾವಿಗಳ ಕಡೆ ಒಂದು ಪದ್ಧತಿಯಿದೆ. ಯಾರಾದರೂ ಮುಳುಗಿದರೆ ಮೊದಲು ಪಂಚೆ ಬಿಚ್ಚಿ ಎಸೆಯಬೇಕು, ಮರ್ಯಾದೆ ಆಮೇಲೆ. ಹುಡುಗಿಯ ತಂದೆ ಪಟ್ಟಾಪಟ್ಟಿ ಚಡ್ಡಿಯಲ್ಲಿ ಓಡಿಬಂದು ಪಂಚೆ ಬೀಸಿದರು. "ಹಿಡ್ಕೊಳ್ಳಪ್ಪಾ!"

ಹಿಡಿದುಕೊಂಡವನು ನನ್ನನ್ನು ಮುಳುಗಿಸುತ್ತಿದ್ದವನು. ಕುಲಾವಿಯಲ್ಲಿ ಎಲ್ಲರ ಮುಖವೂ ಒಂದೇ. ಅವನನ್ನು ಬಾವಿಯಿಂದ ಕೊಡ ಸೇದಿದಂತೆ ಮೇಲೆಳೆದು, ಬೋರಲು ಮಲಗಿಸಿ, ನೀರು ಕಕ್ಕಿಸಲು ಬೆನ್ನು ಗುದ್ದತೊಡಗಿದರು.

ರೆಫರಿ ಸೀಟಿ ಊದುತ್ತ ಓಡಿಬಂದ. "ಯಾರ್ರೀ ಇವರು?"

"ನಮ್ಮ ಮಾವ" ಎಂದುಬಿಟ್ಟೆ. ಸಂಬಂಧ ಇನ್ನೂ ಕುದುರಿರಲಿಲ್ಲ. ಅವರು ಗುದ್ದುವುದನ್ನು ನಿಲ್ಲಿಸಿ ನನ್ನನ್ನೇ ನೋಡಿದರು.

ಅವರಿಗೆ ನಿಯಮ ತಿಳಿಸಿ, ಯಾರದೋ ಟವೆಲು ಸುತ್ತಿ ಕೂರಿಸಲಾಯಿತು. ಆಮೇಲೆ ನನ್ನನ್ನು ಎಷ್ಟು ಸಲ ಮುಳುಗಿಸಿದರೂ ಕೈಕಟ್ಟಿಕೊಂಡು ಗಮನವಿಟ್ಟು ನೋಡಿದರು. ಪಂದ್ಯ ಸೋತೆವು. ಸಂಬಂಧವೂ ಹೋಯಿತೆಂದು ತಲೆ ತಗ್ಗಿಸಿ ಅವರ ಮುಂದೆ ನಿಂತೆ.

"ಇದೂ ಒಂದು ಕೆಲಸಾನಾ?" ಹೆಂಡತಿ ಶುರುಮಾಡಿದರು. "ಅಷ್ಟು ಮುಳುಗಿಸಿದ್ರೂ ಒಂದು ಮಾತು ಆಡಲಿಲ್ಲ ಈ ಹುಡುಗ!"

ಹುಡುಗಿಯ ತಂದೆ ಒದ್ದೆ ಪಂಚೆಯನ್ನು ನಿಧಾನವಾಗಿ ಹಿಂಡಿದರು. ಒಮ್ಮೆ ಹೆಂಡತಿಯ ಕಡೆ, ಒಮ್ಮೆ ಮಗಳ ಕಡೆ ನೋಡಿದರು.

"ಅದೇ ಕಣೇ ನಾನೂ ನೋಡ್ತಿದ್ದದ್ದು" ಎಂದರು. "ನಾನು ನಿಮ್ಮಪ್ಪನ ಮನೆಗೆ ಅಳಿಯನಾಗಿ ಬಂದಾಗ ನನಗೆ ಇಷ್ಟು ಅಭ್ಯಾಸ ಇರಲಿಲ್ಲ. ಮುಹೂರ್ತ ನೋಡಿಸು."